ಬರ್ಫ ಯಾರ ಕೈಯಾಗೋ ಬೆಲಿ ಅವರ ಕೈಯಾಗ



ನಮ್ಮ ಸಂಘಕ್ಕೆ ಇಪ್ಪತ್ತೈದು ತುಂಬಿದ ಈ ಶುಭ ಗಳಿಗೆಯಲ್ಲಿ ಸ್ಮರಣ ಸಂಚಿಕೆಗೆ ಒಂದು ಇತಿಹಾಸದ ಲೇಖನ ಬರೆದುಕೊಡಬೇಕೆಂದು ಸಂಪಾದಕ ಮಂಡಳಿಯವರು ಕೇಳಿದರು. ನಾನು ಮೀನಿನ ವ್ಯಾಪಾರದ ಬಗ್ಗೆ ಬರೆಯುತ್ತೇನೆ ಅಂದೆ. ಒಬ್ಬರು ನಕ್ಕೇ ಬಿಟ್ಟರು. "ಯಜಮಾನ್ರ, ಕಬ್ಬ ಬಿಟ್ಟು, ಹಾಲ ಬಿಟ್ಟು, ಸೊಸೈಟಿ ಪುಸ್ತಕದಾಗ ಮೀನ ತಂದ್ರ ಹೆಂಗ್ರಿ? ನಮ್ಮ ಮೆಂಬರ್ಸೊಳಗ ಅರ್ಧ ಮಂದಿ ಮೀನ ಅಂದ್ರ ಮೂಗ ಮುಚಗೋತಾರ" ಅಂದರು. ಅವರ ಮಾತು ಖರೆ. ತಿನ್ನುವವರು ತಿನ್ನಲಿ, ಬಿಡುವವರು ಬಿಡಲಿ, ನಾನು ಅಡುಗೆಯ ಮಾತು ಹೇಳಲು ಹೊರಟಿಲ್ಲ.

ಎರಡು ವರ್ಷದಿಂದ ನಮ್ಮ ವಾರ್ಷಿಕ ಸಭೆಯಲ್ಲಿ ಒಂದೇ ವಿಷಯ ಮತ್ತೆ ಮತ್ತೆ ಏಳುತ್ತಿದೆ. ಊರಿಗೊಂದು ಕೋಲ್ಡ್ ಸ್ಟೋರೇಜ್ ಬೇಕೋ ಬೇಡವೋ? ಬೇಕೆನ್ನುವವರು ಟೊಮೆಟೊ ರಸ್ತೆಗೆ ಸುರಿದ ವರ್ಷವನ್ನು ನೆನೆಯುತ್ತಾರೆ. ಬೇಡವೆನ್ನುವವರು ಕರೆಂಟ್ ಬಿಲ್ಲನ್ನು ನೆನೆಯುತ್ತಾರೆ. ಇಬ್ಬರದೂ ಸುಳ್ಳಲ್ಲ. ಆದರೆ ಥಂಡಿ ಇಟ್ಟು ಮಾರುವ ವ್ಯಾಪಾರದ ಪಾಠವನ್ನು ನಮಗಿಂತ ಮೊದಲು, ನಮಗಿಂತ ಕಠಿಣವಾಗಿ ಕಲಿತವರು ಮೀನಿನವರು. ಹಾಲು ನಾಲ್ಕು ತಾಸು ತಡೆದೀತು, ಬದನೆಕಾಯಿ ನಾಲ್ಕು ದಿನ ತಡೆದೀತು. ಬ್ಯಾಸಿಗೆಯ ಬಿಸಿಲಿನಲ್ಲಿ ಮೀನು ಮಧ್ಯಾಹ್ನದ ಮಟ್ಟ ತಡೆಯುವುದಿಲ್ಲ. ಅದಕ್ಕೆ ಅವರ ಕಥೆ ಕೇಳೋಣ ಎಂದು ಈ ಬರಹ.

ಉಪ್ಪಿನ ಕಾಲ

ನಾನು ಸಣ್ಣವನಿದ್ದಾಗ ನಮ್ಮ ಕಡೆಯ ಸಂತೆಯಲ್ಲಿ ಹಸಿ ಮೀನು ಅಂದರೆ ಹೊಳೆಯ ಮೀನು ಮಾತ್ರ. ಘಟಪ್ರಭೆಯಲ್ಲಿ, ಮಾರ್ಕಂಡೇಯ ಹೊಳಿಯಲ್ಲಿ, ಹಿರಣ್ಯಕೇಶಿಯಲ್ಲಿ ಅಂಬಿಗರು ಬೆಳಗಿನ ಜಾವ ಹಿಡಿದದ್ದು ಮಧ್ಯಾಹ್ನದೊಳಗೆ ಮಾರಾಟವಾಗಬೇಕು. ಸಮುದ್ರದ ಮೀನು ಬಂದರೆ ಒಣಗಿಸಿದ್ದೇ ಬರುತ್ತಿತ್ತು. ಸಂತೆಯ ಒಂದು ಮೂಲೆಯಲ್ಲಿ ಗೋಣಿಚೀಲ ಹಾಸಿ ಬೊಂಬೀಲ, ಸುಕಟ, ಉಪ್ಪುಹಚ್ಚಿದ ಬಾಂಗಡೆ ಗುಂಪಿ ಹಾಕಿ ಕೂಡುತ್ತಿದ್ದರು. ವಾಸನೆ ಹಿಡಿದು ನಡೆದರೆ ಸಾಕು, ಅಂಗಡಿ ತಾನೇ ಸಿಗುತ್ತಿತ್ತು.

ಅದು ಘಟ್ಟ ಹತ್ತಿ ಬಂದ ಮಾಲು. ವೆಂಗುರ್ಲೆಯ ಬಂದರದಿಂದ ಅಂಬೋಲಿ ಘಟ್ಟದ ಮೇಲೆ ಸಂಕೇಶ್ವರದ ಕಡೆಗೆ, ಕಾರವಾರದಿಂದ ಹುಬ್ಬಳ್ಳಿಯ ಕಡೆಗೆ. ಇಲ್ಲಿಂದ ಕಾಳು-ಕಡಿ ಇಳಿಯಬೇಕು, ಅಲ್ಲಿಂದ ಉಪ್ಪು, ತೆಂಗು, ಒಣಮೀನು ಏರಬೇಕು. ಬಂಡಿಯ ಕಾಲದಲ್ಲಿ ಕರಾವಳಿಗೂ ನಮಗೂ ಇದ್ದ ಮೀನಿನ ಸಂಬಂಧ ಉಪ್ಪಿನ ಸಂಬಂಧವೇ.

ಅಲ್ಲಿಯೂ ಒಂದು ವಿಷಯ ಗಮನಿಸಬೇಕು. ಇಂಗ್ಲೀಷರ ಕಾಲದಲ್ಲಿ ಉಪ್ಪಿಗೆ ಭಾರೀ ತೆರಿಗೆ. ಮೀನು ಸಿಕ್ಕರೂ ಅದಕ್ಕೆ ಹಚ್ಚಲು ಉಪ್ಪು ಕೊಳ್ಳುವ ತಾಕತ್ತು ಹಿಡಿದವನಿಗೆ ಇರಲಿಲ್ಲ. ಉಪ್ಪು ಇಟ್ಟುಕೊಂಡ ಸಾಹುಕಾರನ ಹತ್ತಿರ ಹೋಗಬೇಕು, ಅವನು ಹೇಳಿದ ದರಕ್ಕೆ ಕೊಡಬೇಕು. ಹತ್ತೊಂಬತ್ತನೆಯ ಶತಮಾನದ ಕೊನೆಯ ದಶಕಗಳಲ್ಲಿ ಸರಕಾರ ಮದ್ರಾಸ್ ಇಲಾಖೆಯ ಕರಾವಳಿಯಲ್ಲಿ ಮೀನು ಉಪ್ಪಿಕ್ಕುವ ಆವರಣಗಳನ್ನು ಮಾಡಿ, ಅದರೊಳಗೆ ತೆರಿಗೆಯ ಭಾರವಿಲ್ಲದ ಉಪ್ಪು ಕೊಡತೊಡಗಿತು. ಆಗ ಹಿಡಿದವರಿಗೆ ಸ್ವಲ್ಪ ಉಸಿರಾಡಲು ಬಂತು. ನೋಡಿರಿ, ಬರ್ಫ ಬರುವುದಕ್ಕೆ ಮೊದಲೇ ಪಾಠ ಸುರುವಾಗಿತ್ತು. ಮಾಲು ಕೆಡದಂತೆ ಇಡುವ ಸಾಧನ ಯಾರ ಕೈಯಲ್ಲಿದೆಯೋ ಬೆಲೆಯೂ ಅವರ ಕೈಯಲ್ಲಿ.

ಸಹಕಾರ ಮತ್ತು ಮೀನು: ಒಬ್ಬನೇ ಮನುಷ್ಯ

ನಮ್ಮ ನಾಡಿನ ಸಹಕಾರದ ಇತಿಹಾಸ ಹೇಳುವಾಗ 1904ರ ಕಾಯಿದೆ, 1905ರಲ್ಲಿ ಗದಗ ಹತ್ತಿರದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಕಟ್ಟಿದ ಸಂಘ, ಇವೆರಡನ್ನು ಎಲ್ಲರೂ ಹೇಳುತ್ತಾರೆ. ಆ ಕಾಯಿದೆಗೆ ದಾರಿ ಮಾಡಿದ್ದು ಮದ್ರಾಸಿನ ಅಧಿಕಾರಿ ಫ್ರೆಡರಿಕ್ ನಿಕಲ್ಸನ್ ಬರೆದ ವರದಿ. 1895 ಮತ್ತು 1897ರಲ್ಲಿ ಎರಡು ಸಂಪುಟಗಳಲ್ಲಿ ಬಂದ ಆ ವರದಿಯಲ್ಲಿ, ರೈತ ಸಾಲದ ಸುಳಿಯಿಂದ ಪಾರಾಗಬೇಕಾದರೆ ಜರ್ಮನಿಯ ರೈಫೈಸನ್ ಮಾದರಿಯ ಹಳ್ಳಿಯ ಸಂಘಗಳು ಬೇಕೆಂದು ಆತ ಹೇಳಿದ.

ಬಹಳ ಮಂದಿಗೆ ತಿಳಿಯದ ಮಾತು ಮುಂದಿನದು. ಇದೇ ನಿಕಲ್ಸನ್ ನೌಕರಿಯಿಂದ ನಿವೃತ್ತನಾದ ಮೇಲೆ ಮೀನುಗಾರರ ಕೆಲಸ ಹಿಡಿದ. 1907ರಲ್ಲಿ ಮದ್ರಾಸಿನಲ್ಲಿ ಮೀನುಗಾರಿಕೆಯ ಬ್ಯೂರೋ ಆದಾಗ ಅದರ ಹೊಣೆ ಹೊತ್ತವನು ಆತನೇ. ಆಗ ದಕ್ಷಿಣ ಕನ್ನಡವೂ ಮದ್ರಾಸ್ ಇಲಾಖೆಯೊಳಗೇ ಇತ್ತು. ರೈತನ ಸಾಲ, ಮೀನುಗಾರನ ಸಾಲ ಬೇರೆ ಬೇರೆ ರೋಗವಲ್ಲ ಎಂದು ಆತನಿಗೆ ಕಂಡಿರಬೇಕು. ಅದಕ್ಕೆ ಸೊಸೈಟಿ ಪುಸ್ತಕದಲ್ಲಿ ಮೀನಿನ ಮಾತು ಬಂದರೆ ಅದು ಪರರ ಮಾತಲ್ಲ, ಬೀಗರ ಮಾತು.

ಬರ್ಫಿನ ವಿದ್ಯೆ

ಇನ್ನು ಬರ್ಫಿನ ಕಥೆ. ಐಸಿನಲ್ಲಿ ಇಡುವುದು ಬೇರೆ, ಹೆಪ್ಪುಗಟ್ಟಿಸುವುದು ಬೇರೆ. ಐಸಿನ ನಡುವೆ ಇಟ್ಟ ಮೀನು ಸೊನ್ನೆ ಡಿಗ್ರಿಯ ಹತ್ತಿರ ಇರುತ್ತದೆ, ಕೆಡುವ ವೇಗ ಕಡಿಮೆಯಾಗುತ್ತದೆಯೇ ಹೊರತು ನಿಲ್ಲುವುದಿಲ್ಲ. ಚೆನ್ನಾಗಿ ಐಸು ಹಾಕಿದರೆ ಎಂಟು-ಹತ್ತು ದಿನ ಸಾಗಿಸಬಹುದು. ನಮ್ಮ ಹವೆಯಲ್ಲಿ ಒಂದು ಕಿಲೋ ಮೀನಿಗೆ ಒಂದು ಕಿಲೋ ಐಸು ಬೇಕೆಂದು ತಿಳಿದವರು ಹೇಳುತ್ತಾರೆ. ಹೆಪ್ಪುಗಟ್ಟಿಸಿದ ಮೀನನ್ನು, ಅಂದರೆ ಈಗ ಎಲ್ಲರ ಬಾಯಲ್ಲಿರುವ ಫ್ರೋಜನ್ ಮೀನನ್ನು, ಸೊನ್ನೆಯ ಕೆಳಗೆ 18 ಡಿಗ್ರಿಯಲ್ಲಿ ಇಡುತ್ತಾರೆ. ಅಲ್ಲಿ ಅದು ತಿಂಗಳುಗಟ್ಟಲೆ ಇರುತ್ತದೆ.

ಆದರೆ ನಿಧಾನವಾಗಿ ಹೆಪ್ಪುಗಟ್ಟಿಸಿದರೆ ಮೀನು ಹಾಳು. ಮನೆಯ ಫ್ರಿಜ್ಜಿನ ಮೇಲಿನ ಖಾನೆಯಲ್ಲಿ ಬದನೆಕಾಯಿ ಮರೆತು ಬಿಟ್ಟು ಮರುದಿನ ಹೊರಗೆ ತೆಗೆದರೆ ಮೆತ್ತಗಾಗಿ ನೀರು ಬಿಡುತ್ತದಲ್ಲ, ಹಾಗೆ. ಒಳಗಿನ ನೀರು ನಿಧಾನವಾಗಿ ಗಟ್ಟಿಯಾದಾಗ ದೊಡ್ಡ ದೊಡ್ಡ ಹರಳುಗಳಾಗಿ ಮಾಂಸವನ್ನು ಹರಿಯುತ್ತವೆ. ಬೇಗ ಗಟ್ಟಿಮಾಡಿದರೆ ಹರಳು ಸಣ್ಣವು, ಮಾಂಸ ಹರಿಯುವುದಿಲ್ಲ. ಅಮೆರಿಕದ ಕ್ಲಾರೆನ್ಸ್ ಬರ್ಡ್ಸ್‌ಐ ಎಂಬಾತ ಕೆನಡಾದ ಲ್ಯಾಬ್ರಡಾರಿನಲ್ಲಿದ್ದಾಗ, ಅಲ್ಲಿನ ಮೂಲನಿವಾಸಿಗಳು ಹಿಡಿದ ಮೀನು ಕೊರೆಯುವ ಗಾಳಿಗೆ ಕ್ಷಣದಲ್ಲಿ ಕಲ್ಲಾಗುವುದನ್ನೂ, ತಿಂಗಳ ಮೇಲೆ ಬೇಯಿಸಿದರೂ ರುಚಿ ಕೆಡದಿರುವುದನ್ನೂ ನೋಡಿದ. 1920ರ ದಶಕದಲ್ಲಿ ಎರಡು ತಣ್ಣನೆಯ ಲೋಹದ ಹಲಗೆಗಳ ನಡುವೆ ಒತ್ತಿ ಬೇಗ ಹೆಪ್ಪುಗಟ್ಟಿಸುವ ಯಂತ್ರ ಮಾಡಿದ. ಇಂದಿಗೂ ಕರಾವಳಿಯ ಫ್ಯಾಕ್ಟರಿಗಳಲ್ಲಿ ಇರುವ ಪ್ಲೇಟ್ ಫ್ರೀಜರ್ ಆ ವಂಶದ್ದೇ. ಮೂಲನಿವಾಸಿಗಳ ವಿದ್ಯೆ, ಬರ್ಡ್ಸ್‌ಐನ ಯಂತ್ರ. ಪೇಟೆಯಲ್ಲಿ ಹೆಸರು ಉಳಿದದ್ದು ಯಂತ್ರದವನದು.

1953ರಿಂದ ಮುಂದೆ

ನಮ್ಮ ದೇಶದಿಂದ ಹೆಪ್ಪುಗಟ್ಟಿಸಿದ ಸೀಗಡಿ ಮೊದಲು ಅಮೆರಿಕಕ್ಕೆ ಹೋದದ್ದು 1953ರಲ್ಲಿ, ಕೊಚ್ಚಿಯಿಂದ. ಅದೇ ಹೊತ್ತಿಗೆ ಕೇರಳದ ನೀಂಡಕರದಲ್ಲಿ ಇಂಡೋ-ನಾರ್ವೇಜಿಯನ್ ಯೋಜನೆ ಸುರುವಾಯಿತು. 1952ರಲ್ಲಿ ಭಾರತ, ನಾರ್ವೆ ಮತ್ತು ವಿಶ್ವಸಂಸ್ಥೆ ಮಾಡಿಕೊಂಡ ಒಪ್ಪಂದ ಅದು. ಬಡ ಮೀನುಗಾರರ ಜೀವನ ಸುಧಾರಿಸಬೇಕು, ಅವರ ದೋಣಿಗೆ ಯಂತ್ರ ಕೂಡಿಸಬೇಕು, ಐಸ್ ಫ್ಯಾಕ್ಟರಿ ಕಟ್ಟಬೇಕು, ಊರಿನ ಮಂದಿಗೆ ತಾಜಾ ಮೀನು ಸಿಗಬೇಕು ಎಂಬುದು ಉದ್ದೇಶ. 1963ರಲ್ಲಿ ಆ ಯೋಜನೆ ನಮ್ಮ ಕಾರವಾರಕ್ಕೂ ಬಂತು.

ಆದದ್ದೇನು? ಬಲೆಗೆ ಸೀಗಡಿ ಬಿತ್ತು, ಸೀಗಡಿಗೆ ಅಮೆರಿಕದವರು ಡಾಲರ್ ಕೊಟ್ಟರು. ಊರಿನ ಮಂದಿಗೆ ಮೀನು ಎಂಬ ಮಾತು ಹಿಂದೆ ಸರಿಯಿತು, ಹೊರದೇಶಕ್ಕೆ ಸೀಗಡಿ ಎಂಬುದು ಮುಂದೆ ಬಂತು. 1960ರವರೆಗೆ ನಮ್ಮ ದೇಶದಿಂದ ಹೊರಗೆ ಹೋಗುತ್ತಿದ್ದ ಮಾಲು ಹೆಚ್ಚಾಗಿ ಒಣಮೀನು, ಒಣ ಸೀಗಡಿ. ಕೊಳ್ಳುವವರು ಸಿಂಹಳ, ಬರ್ಮಾ, ಸಿಂಗಪುರದವರು. ಅದರ ನಂತರ ಫ್ರೋಜನ್ ಮಾಲು ಒಣಮಾಲನ್ನು ಹಿಂದೆ ಹಾಕಿತು. 1966ರಲ್ಲಿ ರೂಪಾಯಿಯ ಬೆಲೆ ಇಳಿಸಿದಾಗ ರಫ್ತಿಗೆ ಇನ್ನೂ ಬಲ ಬಂತು. 1972ರಲ್ಲಿ ಕೊಚ್ಚಿಯಲ್ಲಿ ಸಮುದ್ರೋತ್ಪನ್ನ ರಫ್ತು ಅಭಿವೃದ್ಧಿ ಪ್ರಾಧಿಕಾರ ಸ್ಥಾಪನೆಯಾಯಿತು. ಮೊದಲು ಅಮೆರಿಕ ದೊಡ್ಡ ಗಿರಾಕಿ, 1977ರ ನಂತರ ಜಪಾನ್, 2002-03ರಿಂದ ಮತ್ತೆ ಅಮೆರಿಕ.

1961-62ರಲ್ಲಿ ದೇಶದ ಒಟ್ಟು ಸಮುದ್ರೋತ್ಪನ್ನ ರಫ್ತು 4 ಕೋಟಿ ರೂಪಾಯಿಯ ಒಳಗೇ ಇತ್ತು. 2024-25ರಲ್ಲಿ ಅದು ಸುಮಾರು 17 ಲಕ್ಷ ಟನ್, 62,408 ಕೋಟಿ ರೂಪಾಯಿ. ಅದರಲ್ಲಿ ಮೂರನೆಯ ಎರಡು ಪಾಲಿಗಿಂತ ಹೆಚ್ಚಿನ ಹಣ ಒಂದೇ ಮಾಲಿನಿಂದ, ಹೆಪ್ಪುಗಟ್ಟಿಸಿದ ಸೀಗಡಿಯಿಂದ. ಅದೂ ಈಗ ಬಹುಪಾಲು ಸಮುದ್ರದ್ದಲ್ಲ. 2009ರಲ್ಲಿ ವನ್ನಾಮಿ ಎಂಬ ಹೊರದೇಶದ ತಳಿ ಸಾಕಲು ಸರಕಾರ ಒಪ್ಪಿಗೆ ಕೊಟ್ಟ ಮೇಲೆ ಆಂಧ್ರದ ಹೊಂಡಗಳಲ್ಲಿ ಬೆಳೆದದ್ದು. ಭತ್ತದ ಗದ್ದೆಯಲ್ಲಿ ಸೀಗಡಿ ಬೆಳೆದ ರೈತರೂ ಅಲ್ಲಿದ್ದಾರೆ.

ರಂಪಣಿಯವರ ಪಾಲು

ಈ ಅಂಕಿ ಓದಿ ಖುಷಿ ಪಡುವ ಮುನ್ನ ನಮ್ಮದೇ ಕನ್ನಡ ಕರಾವಳಿಯಲ್ಲಿ ಆದದ್ದನ್ನು ತಿಳಿಯಬೇಕು. ಅಲ್ಲಿ ರಂಪಣಿ ಎಂಬ ಬಲೆ ಇತ್ತು. ದೋಣಿಯಲ್ಲಿ ಒಯ್ದು ಸಮುದ್ರದಲ್ಲಿ ಕಮಾನಿನಂತೆ ಹರಡಿ, ಎರಡೂ ತುದಿಯನ್ನು ದಂಡೆಯಿಂದ ಮಂದಿ ಕೂಡಿ ಎಳೆಯುವ ಭಾರೀ ಬಲೆ. ಒಬ್ಬನ ಕೈಯಲ್ಲಿ ಆಗುವ ಕೆಲಸವಲ್ಲ. ಮನೆಮನೆಯವರು ಬಲೆಯ ತುಂಡು ಹಾಕಿ ಕೂಡಿಸುತ್ತಿದ್ದರು, ಎಳೆಯಲು ಊರೇ ಬರುತ್ತಿತ್ತು, ಬಂದ ಬಾಂಗಡೆ-ತಾರ್ಲಿಯನ್ನು ಪಾಲು ಹಾಕುತ್ತಿದ್ದರು. ರಿಜಿಸ್ಟರ್ ಇಲ್ಲ, ಆಡಿಟ್ ಇಲ್ಲ, ಆದರೂ ಅದು ಸೊಸೈಟಿಯೇ.

1970ರ ದಶಕದ ನಡುವಿನಲ್ಲಿ ಮಂಗಳೂರಿನಿಂದ ಪರ್ಸೀನ್ ಬಲೆಯ ಯಂತ್ರದೋಣಿಗಳು ಇಳಿದವು. ಮೀನಿನ ಹಿಂಡು ದಂಡೆಗೆ ಬರುವ ಮೊದಲೇ ನಡುನೀರಿನಲ್ಲಿ ಸುತ್ತುಹಾಕಿ ಎತ್ತುವ ಬಲೆ ಅದು. ಕೆಲವೇ ವರ್ಷಗಳಲ್ಲಿ ರಂಪಣಿ ಎಳೆಯುವವರಿಗೆ ಎಳೆಯಲು ಮೀನೇ ಉಳಿಯಲಿಲ್ಲ. ಗಲಾಟೆಗಳಾದವು, ಮೊರೆ ಹೋದರು. 1986ರಲ್ಲಿ ರಾಜ್ಯದ ಕಡಲ ಮೀನುಗಾರಿಕೆ ನಿಯಂತ್ರಣ ಕಾಯಿದೆ ಬಂತು. ಅಷ್ಟರಲ್ಲಿ ರಂಪಣಿಯ ಕಾಲ ಮುಗಿದುಹೋಗಿತ್ತು.

ಯಂತ್ರ ಕೆಟ್ಟದ್ದು ಅನ್ನುವುದಿಲ್ಲ. ಟ್ರ್ಯಾಕ್ಟರ್ ಓಡಿಸುವ ನಾವು ಆ ಮಾತು ಆಡಿದರೆ ಯಾರೂ ಒಪ್ಪುವುದಿಲ್ಲ. ಆದರೆ ಆ ದೋಣಿಗೆ, ಐಸಿಗೆ, ಫ್ರೀಜರಿಗೆ ಬಂಡವಾಳ ಹಾಕಿದವರ ಪಾಲಿಗೆ ದರ ಹೋಯಿತು. ದಂಡೆಯ ಮೇಲೆ ಹಗ್ಗ ಎಳೆದವರು ಕೂಲಿಯವರಾದರು. ಫ್ಯಾಕ್ಟರಿಯೊಳಗೆ ಸೀಗಡಿಯ ಸಿಪ್ಪೆ ಬಿಡಿಸುವವರು ಹೆಚ್ಚಾಗಿ ಹೆಣ್ಣುಮಕ್ಕಳು. ಬರ್ಫಿನ ನೀರಿನಲ್ಲಿ ಬೆರಳು ಮರಗಟ್ಟುವವರೆಗೆ ದುಡಿದು, ಎಷ್ಟು ಕಿಲೋ ಬಿಡಿಸಿದರೆ ಅಷ್ಟಕ್ಕೆ ಕೂಲಿ. 62 ಸಾವಿರ ಕೋಟಿಯ ಲೆಕ್ಕದಲ್ಲಿ ಅವರ ಬೆರಳೂ ಕೂಡಿದೆ.

ಎಲ್ಲ ಕಡೆಯೂ ಹೀಗೇ ಆಗಿಲ್ಲ. ದಕ್ಷಿಣ ಕನ್ನಡದಲ್ಲಿ 1954ರಷ್ಟು ಹಿಂದೆಯೇ ಮೀನು ಮಾರಾಟದ ಸಹಕಾರಿ ಫೆಡರೇಶನ್ ಕಟ್ಟಿದರು. 1970ರಲ್ಲಿ ಸರಕಾರ ಮಂಗಳೂರಿನಲ್ಲಿ ಮೀನುಗಾರಿಕೆ ಅಭಿವೃದ್ಧಿ ನಿಗಮ ಮಾಡಿತು. ಐಸು, ಡೀಸೆಲ್, ಬಲೆ, ಮಾರಾಟ ಎಲ್ಲದಕ್ಕೂ ಖಾಸಗಿಯವರನ್ನೇ ನೆಚ್ಚಿಕೊಂಡಿರಬೇಕಾದ ಸ್ಥಿತಿ ಅಷ್ಟರ ಮಟ್ಟಿಗೆ ತಪ್ಪಿತು.

ಗಿರಾಕಿ ಬಾಗಿಲು ಹಾಕಿದಾಗ

ಹೊರದೇಶದ ಗಿರಾಕಿಯನ್ನೇ ನಂಬಿದರೆ ಏನಾಗುತ್ತದೆ ಎಂಬುದಕ್ಕೆ ಮೂರು ಪ್ರಸಂಗ ಹೇಳುತ್ತೇನೆ.

ಒಂದು, 1997ರ ಆಗಸ್ಟ್. ಯುರೋಪಿನವರು ನಮ್ಮ ಫ್ಯಾಕ್ಟರಿಗಳನ್ನು ಬಂದು ನೋಡಿ, ಸ್ವಚ್ಛತೆ ಸಾಲದೆಂದು ಭಾರತದ ಸಮುದ್ರೋತ್ಪನ್ನಗಳನ್ನು ನಿಷೇಧಿಸಿದರು. ನೀರು, ಬರ್ಫ, ಕೆಲಸಗಾರರ ಕೈ, ನೆಲ, ಎಲ್ಲವೂ ಅವರ ತಪಾಸಣೆಗೆ ಬಂತು. ಸುಧಾರಿಸಿಕೊಂಡ ಫ್ಯಾಕ್ಟರಿಗಳಿಗೆ ಮಾತ್ರ ಮುಂದೆ ಒಂದೊಂದಾಗಿ ಬಾಗಿಲು ತೆಗೆದರು. ಸಿಟ್ಟು ಬಂದರೂ ಲಾಭವೇ ಆಯಿತು. ಬರ್ಫ ಮಾಡುವ ನೀರೇ ಹೊಲಸಿದ್ದರೆ ಮೀನೂ ಹೊಲಸು ಎಂಬ ಸಾದಾ ಮಾತು ಎಲ್ಲರ ತಲೆಗೆ ಹೋಯಿತು.

ಎರಡು, 2018. ಮೀನು ಕೆಡದಿರಲೆಂದು ಫಾರ್ಮಾಲಿನ್ ಹಾಕುತ್ತಾರೆಂಬ ಸುದ್ದಿ ಎದ್ದು ಕೇರಳ, ಗೋವಾಗಳಲ್ಲಿ ದೊಡ್ಡ ಗದ್ದಲವಾಯಿತು. ಹೆಣ ಇಡುವ ಔಷಧ ಅದು. ಜುಲೈನಲ್ಲಿ ಗೋವಾ ಸರಕಾರ ಹೊರಗಿನ ಮೀನನ್ನು ಕೆಲ ದಿನ ನಿಲ್ಲಿಸಿತು. ನವೆಂಬರಿನಲ್ಲಿ ಮತ್ತೆ ತಡೆಹಾಕಿ, ಥಂಡಿ ಕಾಯ್ದುಕೊಳ್ಳುವ ಇನ್ಸುಲೇಟೆಡ್ ಗಾಡಿಯೇ ಬೇಕು, ನೋಂದಣಿ ಬೇಕು ಎಂದು ಕಟ್ಟುನಿಟ್ಟು ಮಾಡಿತು. ಕಾರವಾರದ ಕಡೆಯ ಸಣ್ಣ ವ್ಯಾಪಾರಿಗಳ ಗಾಡಿಗಳು ಗಡಿಯಲ್ಲೇ ನಿಂತವು. ನಮ್ಮ ಬೆಳಗಾವಿ ಜಿಲ್ಲೆಯ ತರಕಾರಿಗೂ ಗೋವಾವೇ ದೊಡ್ಡ ಗಿರಾಕಿ ಎಂಬುದನ್ನು ಇಲ್ಲಿ ನೆನಪಿಡಬೇಕು. ಇಂದು ಮೀನಿಗೆ ಕೇಳಿದ ಪ್ರಶ್ನೆ ನಾಳೆ ಟೊಮೆಟೊಕ್ಕೂ ಕೇಳಬಹುದು.

ಮೂರು, 2025ರ ಆಗಸ್ಟ್. ಅಮೆರಿಕ ಭಾರತದ ಸರಕಿನ ಮೇಲೆ ಸುಂಕವನ್ನು ಶೇಕಡಾ 50ಕ್ಕೆ ಏರಿಸಿತು. ಆಂಧ್ರದ ಹೊಂಡದ ದಂಡೆಯ ಮೇಲೆ ಸೀಗಡಿಯ ದರ ಬಿತ್ತು. ಸೀಗಡಿ ಬೆಳೆದ ರೈತನ ತಪ್ಪೇನೂ ಇರಲಿಲ್ಲ. ಸುಂಕ ಏರಿಸುವುದು, ಇಳಿಸುವುದು ಸಾವಿರಾರು ಹರದಾರಿ ದೂರ ಕುಳಿತವರ ಕೈಯ ಮಾತು. ಊರಿನ ಪೇಟೆ, ಹತ್ತಿರದ ಪೇಟೆ ಇಟ್ಟುಕೊಂಡವನಿಗೆ ಇಂಥ ಹೊಡೆತ ಸ್ವಲ್ಪ ಹಗುರ.

ಈಗ ಪೇಟೆಗೆ ಬಂದ ಫ್ರೋಜನ್

ಅದೇ ಫ್ರೋಜನ್ ಮಾಲು ಈಗ ನಮ್ಮ ದೇಶದೊಳಗೂ ಹರಡಿದೆ. ದೊಡ್ಡ ಪೇಟೆಗಳ ಅಂಗಡಿಯ ಗಾಜಿನ ಪೆಟ್ಟಿಗೆಯಲ್ಲಿ ಪಾಕೀಟು ಪಾಕೀಟಾಗಿ ಮಲಗಿದೆ. ಹೋಟೆಲುಗಳಲ್ಲಿ ಮುಳ್ಳಿಲ್ಲದ ಬಿಳಿ ತುಂಡು ಎಂದು ಕೊಡುವ ಬಾಸಾ ಮೀನು ವಿಯೆಟ್ನಾಮಿನಿಂದ ಹೆಪ್ಪುಗಟ್ಟಿ ಬಂದದ್ದೂ ಇರುತ್ತದೆ. ನಮ್ಮ ರಾಜ್ಯದಲ್ಲಿ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಂತ್ರದೋಣಿಗಳಿಗೆ ಕಡಲಬಂದಿ. ಆಗ ಕರಾವಳಿಯ ಪೇಟೆಯೂ ಹೊರಗಿನ ಐಸಿನ ಮೀನು, ಫ್ರೋಜನ್ ಮೀನಿನ ಮೇಲೆ ನಡೆಯುತ್ತದೆ. ಸಂತೆಗಳಲ್ಲಿ ಸಿಗುವ ರೋಹು-ಕಟ್ಲಾ ಎಷ್ಟೋ ಸಲ ಆಂಧ್ರದ ಕೆರೆಗಳಿಂದ ಥರ್ಮೋಕೋಲ್ ಪೆಟ್ಟಿಗೆಯಲ್ಲಿ ಐಸಿನ ಮೇಲೆ ಮಲಗಿ ಬಂದದ್ದು.

ಕೊಳ್ಳುವವರಿಗೆ ಒಂದು ಕಿವಿಮಾತು. ಫ್ರೋಜನ್ ಮೀನಿನ ಮೇಲೆ ಒಣಗದಿರಲೆಂದು ತೆಳುವಾಗಿ ಬರ್ಫಿನ ಲೇಪ ಕೊಡುತ್ತಾರೆ. ಕೆಲವರು ಆ ಲೇಪವನ್ನೇ ದಪ್ಪ ಮಾಡಿ ನೀರನ್ನು ಮೀನಿನ ದರಕ್ಕೆ ಮಾರುತ್ತಾರೆ. ಬರ್ಫ ಬಿಟ್ಟು ಉಳಿದ ತೂಕ ಎಷ್ಟೆಂದು ಪಾಕೀಟಿನ ಮೇಲೆ ಓದಿಯೇ ಕೊಳ್ಳಿರಿ. ಒಮ್ಮೆ ಕರಗಿದ್ದನ್ನು ಮತ್ತೆ ಹೆಪ್ಪುಗಟ್ಟಿಸಬಾರದು.

ನಮ್ಮ ಹೊಳಿ, ನಮ್ಮ ಡ್ಯಾಮು

ಈಗ ನಮ್ಮ ಅಂಗಳಕ್ಕೆ ಬರೋಣ. 1887ರಲ್ಲಿ ಗೋಕಾಕ ಫಾಲ್ಸಿನ ನೀರಿನ ಬಲದ ಮೇಲೆ ನೂಲಿನ ಗಿರಣಿ ನಡೆಯಿತು. 1897ರಲ್ಲಿ ಧೂಪದಾಳದ ಒಡ್ಡು ಆಯಿತು. 1969ರಲ್ಲಿ ಹುಕ್ಕೇರಿ ಗ್ರಾಮೀಣ ವಿದ್ಯುತ್ ಸಹಕಾರ ಸಂಘ ಹುಟ್ಟಿತು. ದೇಶದಲ್ಲಿ ಮಾದರಿಯೆಂದು ಮೊದಲು ಆರಿಸಿದ ಐದರೊಳಗೆ ಅದೊಂದು. ಸಂಕೇಶ್ವರ ಭಾಗದ ಸಹಕಾರಿ ಧುರೀಣ ಅಪ್ಪಣಗೌಡ ಪಾಟೀಲರ ಹೆಸರು ಗೊತ್ತಿಲ್ಲದವರು ನಮ್ಮಲ್ಲಿಲ್ಲ. 1977ರಲ್ಲಿ ಹಿಡಕಲ್ ಡ್ಯಾಮು ಪೂರ್ತಿಯಾಗಿ 51 ಟಿಎಂಸಿ ನೀರು ನಿಂತಿತು. ಊರು ಮುಳುಗಿದವು, ಹೊಲ ಮುಳುಗಿದವು. ಬ್ಯಾಸಿಗೆಯಲ್ಲಿ ನೀರು ಇಳಿದಾಗ ಹುನ್ನೂರಿನ ವಿಠ್ಠಲ ದೇವರ ಗುಡಿ ಮತ್ತೆ ಮೇಲೆದ್ದು ಕಾಣುತ್ತದೆ. ಆ ನೀರಿನಿಂದಲೇ ಗೋಕಾಕ, ಮೂಡಲಗಿ ಕಡೆಯ ಹೊಲ ಹಸಿರಾದವು. ಆಗ ಒಂದೇ ತಾಲೂಕಿದ್ದದ್ದು 2018ರಲ್ಲಿ ಮೂಡಲಗಿ ಬೇರೆ ತಾಲೂಕಾಯಿತು. ನೀರು ಮಾತ್ರ ಒಂದೇ.

ಆ ನೀರಿನಲ್ಲಿ ಮೀನೂ ಇದೆ, ಮೀನು ಹಿಡಿದು ಬದುಕುವ ಮನೆಗಳೂ ಇವೆ. ಅವರ ಕಷ್ಟ ರಂಪಣಿಯವರ ಕಷ್ಟಕ್ಕಿಂತ ಬೇರೆಯಲ್ಲ. ಬಲೆಗೆ, ತೆಪ್ಪಕ್ಕೆ ಮುಂಗಡ ಕೊಟ್ಟವನಿಗೇ ಮೀನು ಕೊಡಬೇಕಾಗುತ್ತದೆ. ಬೆಳಗಿನ ದರ ಬೇರೆ, ಬಿಸಿಲು ಏರಿದ ಮೇಲಿನ ದರ ಬೇರೆ. ನಾನೊಮ್ಮೆ ನೀರಿನ ದಂಡೆಯ ಮೇಲೆ ನಿಂತು ಒಬ್ಬ ಅಜ್ಜನನ್ನು ಕೇಳಿದೆ, "ಯಾಕಪಾ ಇಷ್ಟ ಅಗ್ಗಕ್ಕ ಕೊಟ್ಟಿ?" ಅಂತ. "ಏನ ಮಾಡೂದ್ರಿ, ಅಂವಾ ಕಾಯ್ತಾನ, ಮೀನ ಕಾಯೂದಿಲ್ಲ" ಅಂದ. ಇಷ್ಟೆಲ್ಲಾ ಬರೆದರೂ ಆ ಅಜ್ಜನ ಮಾತಿಗಿಂತ ಹೆಚ್ಚಿನದನ್ನು ನಾನು ಹೇಳಿಲ್ಲ.

ನಾನೂ ಒಂದು ವರ್ಷ ಟೊಮೆಟೊ ಹಾಕಿ ಇದೇ ಪಾಠ ಕಲಿತೆ. ಪೇಟೆಗೆ ಮುಟ್ಟುವ ಹೊತ್ತಿಗೆ ದರ ಬಿದ್ದಿತ್ತು, ವಾಪಸು ತರಲು ಗಾಡಿ ಬಾಡಿಗೆ ಇರಲಿಲ್ಲ. ಕೊಟ್ಟು ಬಂದೆ. ದಲಾಲಿಯನ್ನು ಬೈದು ಏನು ಫಲ? ಅವನು ಕಾಯಬಲ್ಲ, ನಾನು ಕಾಯಲಾರೆ.

ನಮಗೆ ಬೇಕಾದ ಪಾಠ

ಕಾಯುವ ಶಕ್ತಿಯನ್ನು ಕೂಡಿ ಕಟ್ಟಿದರೆ ಏನಾಗುತ್ತದೆ ಎಂಬುದಕ್ಕೆ ದೂರ ಹೋಗಬೇಕಿಲ್ಲ, ಹಾಲಿನ ಡೇರಿ ನೋಡಿರಿ. ಗುಜರಾತಿನ ಖೇಡಾದ ರೈತರು 1946ರಲ್ಲಿ ಕಟ್ಟಿದ ಮಾದರಿ ನಮ್ಮ ರಾಜ್ಯಕ್ಕೆ 1974ರ ಸುಮಾರಿಗೆ ಬಂತು. ಹಾಲು ಥಂಡಿ ಮಾಡುವ ಯಂತ್ರ ಒಕ್ಕೂಟದ್ದು, ಟ್ಯಾಂಕರ್ ಒಕ್ಕೂಟದ್ದು. ಅದಕ್ಕೆ ಎರಡು ಲೀಟರ್ ಹಾಕುವ ತಾಯಿಗೂ ಇಪ್ಪತ್ತು ಲೀಟರ್ ಹಾಕುವ ಗೌಡರಿಗೂ ಲೀಟರಿನ ದರ ಒಂದೇ. ಬ್ಯಾಡಗಿಯ ಕಡೆ ಮೆಣಸಿನಕಾಯಿ ಥಂಡಿಯಲ್ಲಿಟ್ಟು ದರ ಬಂದಾಗ ತೆಗೆಯುವ ರೈತರಿದ್ದಾರೆ.

ಹಾಗಂತ ನಾಳೆಯೇ ಕಟ್ಟಡದ ಪಾಯ ತೋಡೋಣ ಅನ್ನುವುದಿಲ್ಲ. ಮೀನಿನವರ ಎಪ್ಪತ್ತು ವರ್ಷದ ಅನುಭವದಿಂದ ನಾಲ್ಕು ಮಾತು ನಮ್ಮ ಆಡಳಿತ ಮಂಡಳಿಯ ಮುಂದೆ ಇಡುತ್ತೇನೆ.

ಮೊದಲನೆಯದು, ಒಂದೊಂದು ಮಾಲಿಗೆ ಒಂದೊಂದು ಥಂಡಿ. ಸೀಗಡಿಗೆ ಸೊನ್ನೆಯ ಕೆಳಗೆ 18. ಟೊಮೆಟೊ ಅಷ್ಟು ಥಂಡಿ ಬಿಡಿ, ಮನೆಯ ಫ್ರಿಜ್ಜಿನ ಥಂಡಿಯಲ್ಲೇ ರುಚಿ ಕಳೆದುಕೊಳ್ಳುತ್ತದೆ. ಉಳ್ಳಾಗಡ್ಡಿಗೆ ಬರ್ಫಿಗಿಂತ ಗಾಳಿ ಮುಖ್ಯ. ನಮ್ಮ ಊರಿನ ಮಾಲು ಯಾವುದು, ಎಷ್ಟು, ಯಾವ ತಿಂಗಳು ಎಂದು ಮನೆಮನೆಯ ಲೆಕ್ಕ ತೆಗೆಯದೆ ಯಂತ್ರ ತರಬಾರದು.

ಎರಡನೆಯದು, ಖಾಲಿ ಗೋದಾಮಿನ ಕರೆಂಟೂ ಕರೆಂಟೇ. ವರ್ಷದಲ್ಲಿ ಎಷ್ಟು ತಿಂಗಳು ತುಂಬಿರುತ್ತದೆ ಎಂಬುದೇ ಲಾಭ-ನಷ್ಟದ ಗುಟ್ಟು. ಹೊಳಿಗೆ ಸುರಿದರೂ ಅಳೆದು ಸುರಿಯಬೇಕೆಂದು ಹಿರಿಯರು ಹೇಳಿದ್ದು ಇದಕ್ಕೇ. ಒಂದೇ ಊರಿನ ಸೊಸೈಟಿಗೆ ಭಾರವಾದರೆ ಹತ್ತಿರದ ನಾಲ್ಕು ಸೊಸೈಟಿ ಕೂಡಿ ಮಾಡಬಹುದು. ಹಿಡಕಲ್ ದಂಡೆಯ ಮೀನುಗಾರರ ಸಂಘಗಳಿಗೂ ಒಂದು ಐಸ್ ಯಂತ್ರ, ಒಂದು ಇನ್ಸುಲೇಟೆಡ್ ಗಾಡಿ ಬೇಕು. ತರಕಾರಿಯ ಕೋಣೆ ಬೇರೆ, ಮೀನಿನ ಕೋಣೆ ಬೇರೆ ಇಟ್ಟರೆ ಯಾರ ಮನಸ್ಸೂ ನೋಯುವುದಿಲ್ಲ, ಖರ್ಚು ಮಾತ್ರ ಹಂಚಿಹೋಗುತ್ತದೆ.

ಮೂರನೆಯದು, ಸಹಾಯಧನ ಇದೆ ಎಂಬ ಒಂದೇ ಕಾರಣಕ್ಕೆ ಕೆಲಸಕ್ಕೆ ಕೈ ಹಾಕಬಾರದು. 2020ರಲ್ಲಿ ಕೇಂದ್ರ ಸರಕಾರ 20,050 ಕೋಟಿ ರೂಪಾಯಿಯ ಮತ್ಸ್ಯ ಸಂಪದ ಯೋಜನೆ ತಂದಿತು. ಅದರಲ್ಲಿ ಐಸ್ ಫ್ಯಾಕ್ಟರಿ, ಕೋಲ್ಡ್ ಸ್ಟೋರೇಜ್, ಐಸ್ ಪೆಟ್ಟಿಗೆಯ ಮೋಟರ್ ಸೈಕಲ್ಲುಗಳಿಗೂ ಸಾಮಾನ್ಯ ವರ್ಗದವರಿಗೆ ಶೇ. 40, ಪರಿಶಿಷ್ಟರಿಗೂ ಮಹಿಳೆಯರಿಗೂ ಶೇ. 60 ಸಹಾಯ ಇಟ್ಟಿತು. ಒಳ್ಳೆಯದೇ. ಆದರೆ ಸಹಾಯ ಬರುವುದು ಕಟ್ಟುವುದಕ್ಕೆ, ತಿಂಗಳ ತಿಂಗಳ ನಡೆಸುವುದು ನಮ್ಮ ಶೇರಿನ ಹಣದಿಂದ.

ನಾಲ್ಕನೆಯದು, ಎಲ್ಲಕ್ಕಿಂತ ದೊಡ್ಡದು. ಇಂಡೋ-ನಾರ್ವೇಜಿಯನ್ ಯೋಜನೆ ಬಡವರಿಗಾಗಿ ಸುರುವಾಗಿ ಡಾಲರಿನ ಕಡೆ ತಿರುಗಿದ್ದನ್ನು ಮರೆಯಬಾರದು. ನಾವು ಕಟ್ಟುವ ಥಂಡಿ ಕೋಣೆಯನ್ನು ನಾಲ್ಕು ದಲಾಲಿಗಳು ಬಾಡಿಗೆಗೆ ಹಿಡಿದು, ನಮ್ಮದೇ ಟೊಮೆಟೊ ನಮ್ಮಿಂದ ಅಗ್ಗಕ್ಕೆ ಕೊಂಡು, ನಮ್ಮದೇ ಕೋಣೆಯಲ್ಲಿಟ್ಟು ತುಟ್ಟಿಗೆ ಮಾರಿದರೆ ನಾವು ಕಟ್ಟಿ ಏನು ಸಾಧಿಸಿದಂತಾಯಿತು? ಎರಡು ಬುಟ್ಟಿ ತರುವ ಸಣ್ಣ ರೈತನಿಗೆ ಮೊದಲ ಜಾಗ ಎಂದು ಬೈಲಾದಲ್ಲೇ ಬರೆಯಬೇಕು. ಇಟ್ಟ ಮಾಲಿನ ಮೇಲೆ ಅಂದೇ ಸ್ವಲ್ಪ ಮುಂಗಡ ಸೊಸೈಟಿಯೇ ಕೊಡಬೇಕು. ಯಾಕೆಂದರೆ ಮಾಲು ಕಾಯ್ದರೂ ಮನೆಯ ಖರ್ಚು ಕಾಯುವುದಿಲ್ಲ.

ನಮ್ಮ ಸಂಘ ಸುರುವಾದಾಗ ಬಿತ್ತುವ ಹೊತ್ತಿಗೆ ಬೀಜ-ಗೊಬ್ಬರ ಕೊಟ್ಟಿತು, ಸಾಹುಕಾರನ ಬಡ್ಡಿಯಿಂದ ಪಾರು ಮಾಡಿತು. ಅದು ಮೊದಲ ಇಪ್ಪತ್ತೈದು ವರ್ಷದ ಕೆಲಸ. ಬೆಳೆದದ್ದನ್ನು ಕಾಯ್ದು ಮಾರುವ ಶಕ್ತಿ ಕೊಡುವುದು ಮುಂದಿನ ಇಪ್ಪತ್ತೈದು ವರ್ಷದ ಕೆಲಸವಾಗಲಿ. "ಅಂವಾ ಕಾಯ್ತಾನ, ಮೀನ ಕಾಯೂದಿಲ್ಲ" ಎಂದ ಅಜ್ಜನ ಮೊಮ್ಮಗ ಸುವರ್ಣ ಮಹೋತ್ಸವದ ಸಂಚಿಕೆಯಲ್ಲಿ "ನಾವೂ ಕಾಯ್ತೀವಿ" ಎಂದು ಬರೆಯುವಂತಾಗಲಿ.

ತಪ್ಪಿದ್ದರೆ ಹೊಟ್ಟೆಯಲ್ಲಿ ಹಾಕಿಕೊಳ್ಳಿರಿ, ಒಪ್ಪಿದರೆ ಮುಂದಿನ ವಾರ್ಷಿಕ ಸಭೆಯಲ್ಲಿ ಕೈ ಎತ್ತಿರಿ.